ಪರದೆ ಹಿಂದಿನ ಕೈ

ದೊಡ್ಡಬಸಮ್ಮನ ಮಗ ಶಾಂತರಾಜುವಿನ ಬಲಗೈ ನಡುಗುತ್ತಿತ್ತು. ಈ ಸಂಗತಿ ಮನೆಯ ಐದು ಜನವನ್ನು ಬಿಟ್ಟು ಆರನೆಯವರ ಕಿವಿಗೆ ಬೀಳಕೂಡದೆಂದು ಆಕೆ ಎರಡು ವರ್ಷದಿಂದ ಕಾವಲು ಕೂತಿದ್ದಳು.

ಕೊಳ್ಳೇಗಾಲದ ಬಸ್ ಸ್ಟ್ಯಾಂಡಿನ ಹಿಂದಿನ ಬೀದಿಯಲ್ಲಿ ಅವನದು ಟೀವಿ ರಿಪೇರಿ ಅಂಗಡಿ. ಮುಂದೆ ಅಂಗಡಿ, ನಡುವೆ ಒಂದು ಹೂವಿನ ಪರದೆ, ಪರದೆಯಾಚೆ ಸಂಸಾರ. ಟೇಲರ್ ಕೈ ನಡುಗಿದರೆ ರವಿಕೆ ಸೊಟ್ಟಗಾದೀತು, ಅಡುಗೆಯವಳ ಕೈ ನಡುಗಿದರೆ ಉಪ್ಪು ಹೆಚ್ಚಾದೀತು. ರಿಪೇರಿಯವನ ಕೈ ನಡುಗಿದರೆ ಅಂಗಡಿಗೆ ಬೀಗವೇ ಗತಿ. ಎರಡು ವರ್ಷದ ಹಿಂದೆ ಒಂದು ದಿನ ಶಾಂತರಾಜು ಟೀವಿಯ ಪಿಕ್ಚರ್ ಟ್ಯೂಬಿನ ಹಿಂದೆ ಕೈಯಿಟ್ಟು ಶಾಕ್ ಹೊಡೆಸಿಕೊಂಡ. ಬೆಟ್ಟದ ದೇವರು ಮಾದಪ್ಪ ಜೀವ ಉಳಿಸಿಕೊಟ್ಟ, ಆದರೆ ಆ ಕೈ ಮಾತ್ರ ಅವತ್ತಿನಿಂದ ಯಜಮಾನನ ಮಾತು ಕೇಳಲಿಲ್ಲ.

ಮನೆ ಮುಳುಗಲಿಲ್ಲವೆಂದರೆ ಅದು ಸೊಸೆ ಪ್ರೇಮಾಳ ಕೈಯಿಂದ. ಶಾಗ್ಯ ಹಳ್ಳಿಯ ಹೆಣ್ಣು, ಓದಿದ್ದು ಏಳನೇ ಕ್ಲಾಸು. ಸೂಜಿಗೆ ಒಂದೇ ಸಲಕ್ಕೆ ದಾರ ಪೋಣಿಸುವವಳು. ಶಾಂತರಾಜು ಅಂಗಡಿಯ ಮುಂದೆ ಗಿರಾಕಿಯ ಹತ್ತಿರ ಮಾತಾಡುವುದು, ಸೆಟ್ಟು ಬಿಚ್ಚುವುದು, "ನಾಳೆ ಬನ್ನಿ" ಅನ್ನುವುದು. ಪರದೆ ಹಿಂದೆ ಪ್ರೇಮಾ ಸೀಸ ಕರಗಿಸುವ ಸಾಲ್ಡರಿಂಗ್ ಐರನ್ ಹಿಡಿದು ಅವನು ತೋರಿಸಿದ ಕಡೆ ಅಂಟಿಸುವುದು. ಮೊದಲು ತೋರಿಸುತ್ತಿದ್ದ. ಒಂದು ವರ್ಷ ಕಳೆಯುವಷ್ಟರಲ್ಲಿ ತೋರಿಸುವುದೂ ಬೇಕಿರಲಿಲ್ಲ. "ಶಾಂತರಾಜು ಕೈ ಅಂದ್ರೆ ಕೈ" ಎಂದು ಜನ ಹೊಗಳುವಾಗ ದೊಡ್ಡಬಸಮ್ಮ ಎದೆಯುಬ್ಬಿಸಿ ಎಲೆ ಅಡಿಕೆ ಮೆಲ್ಲುತ್ತಿದ್ದಳು. ಅಡುಗೆ ಮಾಡಿದವಳಿಗಿಂತ ಬಡಿಸಿದವಳೇ ಮೇಲು ಅಂತ ಗಾದೆಯೇ ಇದೆಯಲ್ಲ.

ಆಗ ವಿಡಿಯೋ ಗೇಮಿನ ಕಾಲ. ಜಪಾನಿನ ಬೂದು ಬಣ್ಣದ ಡಬ್ಬ, ಒಳಗೊಂದು ಸಿ.ಡಿ. ಹಾಕಿದರೆ ಟೀವಿಯಲ್ಲಿ ಕಾರು ಓಡುತ್ತದೆ, ಫುಟ್‌ಬಾಲ್ ಆಡುತ್ತಾರೆ. ಆ ಡಬ್ಬದೊಳಗೆ ಎಂಟು ಕಾಲಿನ ಒಂದು ಪುಟ್ಟ ಚಿಪ್ಪು ಕೂರಿಸಿದರೆ ಬೆಂಗಳೂರಿನಲ್ಲಿ ಚೀಲದಲ್ಲಿಟ್ಟು ಮಾರುವ ಕಾಪಿ ಸಿ.ಡಿ.ಗಳೂ ಓಡುತ್ತವೆ. ಸಾಸಿವೆ ಕಾಳಿನಷ್ಟು ಜಾಗದಲ್ಲಿ ಕೂದಲಿನಂಥ ತಂತಿ ಅಂಟಿಸಬೇಕು. ಈ ಕೆಲಸಕ್ಕೆ ಯಳಂದೂರಿನಿಂದ, ಹನೂರಿನಿಂದ ಜನ ಶಾಂತರಾಜುವನ್ನು ಹುಡುಕಿಕೊಂಡು ಬರುತ್ತಿದ್ದರು.

"ಅದ್ರೊಳಗೆ ಏನ್ಲಾ ಆಕೋದು ನೀವು?" ಎಂದು ಒಂದು ಮಧ್ಯಾಹ್ನ ಊಟಕ್ಕೆ ಕೂತಾಗ ಮಾದಸ್ವಾಮಿ ಕೇಳಿದ. ದೊಡ್ಡಬಸಮ್ಮನ ಗಂಡ, ಯಳಂದೂರು ತಾಲ್ಲೂಕು ಕಚೇರಿಯಲ್ಲಿ ಜವಾನನಾಗಿದ್ದು ರಿಟೈರಾದವನು.

"ನಿಮ್ ಆಫೀಸ್ನಲ್ಲಿ ಸೀಲಿಲ್ದಿರ ಕಾಗ್ದ ತಕತಿದ್ರಾ ಅಪ್ಪ?"

"ಮುಟ್ತಿರ್ಲಿಲ್ಲ."

"ಇದೂ ಅಂಗೇಯ. ಕಂಪ್ನಿ ಸಿ.ಡಿ.ಲಿ ಒಂದು ಗುರ್ತು ಇರ್ತದೆ, ಕಾಪಿಲಿ ಇರಕಿಲ್ಲ. ಡಬ್ಬ ಅದ್ನ ಉಡುಕ್ತದೆ, ಕಾಣ್ನಿಲ್ಲ ಅಂದ್ರೆ ಓಡ್ಸಕಿಲ್ಲ. ನಮ್ ಚಿಪ್ಪು ಒಳಗೆ ಕುಂತ್ಕಂಡು 'ಗುರ್ತು ಅದೆ, ಅದೆ' ಅಂತ ಯೋಳ್ತಾ ಇರ್ತದೆ."

"ಕಳ್ಳ ಸೀಲು ಅನ್ನು."

"ಅಂಗೇ ಅಂದ್ಕಳಿ."

"ಮೂವತ್ತೊರ್ಸ ಸೀಲು ನನ್ ಕೈಲೇ ಇತ್ತು ಕಣ್ಲಾ. ಒಂದ್ ದಿನಾನೂ ಕಳ್ಳ ಸೀಲು ಒತ್ನಿಲ್ಲ."

"ಅದ್ಕೇ ಜವಾನ್ರಾಗೇ ರಿಟೈರಾದ್ರಿ," ಎಂದಳು ದೊಡ್ಡಬಸಮ್ಮ. "ಮುದ್ದೆ ಮುರೀರಿ, ತಣ್ಣಗಾಯ್ತದೆ."

ಮಾದಸ್ವಾಮಿ ಉಪ್ಪೆಸರಿಗೆ ಮುದ್ದೆ ಅದ್ದಿದ. "ಸುಳ್ಳೇಳದು ಚಿಪ್ಪು, ಕೆಲ್ಸ ಮಾಡೋಳು ಅವ್ಳು, ಎಸ್ರು ನಿಂದು. ಚೆನ್ನಾಗದೆ ಬುಡು ಸಂಸಾರ," ಎಂದು ನುಂಗಿದ. ಒಲೆ ಮುಂದೆ ಪ್ರೇಮಾ ಸೆರಗು ಬಾಯಿಗಿಟ್ಟುಕೊಂಡು ನಕ್ಕಳು. ದೊಡ್ಡಬಸಮ್ಮ ಕಣ್ಣು ಬಿಟ್ಟ ಮೇಲೆ ನಗು ನಿಂತಿತು.

ಎರಡು ಸಾವಿರದ ಒಂದನೇ ಇಸವಿ, ಯುಗಾದಿ ಕಳೆದ ಎರಡನೇ ವಾರ. ಹನೂರಿನಲ್ಲಿ ಗೇಮಿನ ಅಂಗಡಿ ಇಟ್ಟಿದ್ದ ಮಣಿಕಂಠ ಎಂಬ ಹುಡುಗ ತನ್ನ ನಾಲ್ಕೂ ಡಬ್ಬಗಳನ್ನು ಗೋಣಿಚೀಲಕ್ಕೆ ತುಂಬಿ ಬಸ್ಸಿನಲ್ಲಿ ಹೊತ್ತು ತಂದ. ಹೊಸ ಫುಟ್‌ಬಾಲ್ ಸಿ.ಡಿ. ಬಂದಿದೆಯಂತೆ. ಹಾಕಿದರೆ ಸುರುವಾಗುತ್ತದೆ, ಒಂದು ನಿಮಿಷಕ್ಕೆ ಟೀವಿಯ ಮೇಲೆ ಕೆಂಪಗೆ ಏನೋ ಇಂಗ್ಲಿಷಿನಲ್ಲಿ ಬರೆದು ನಿಂತುಬಿಡುತ್ತದೆ.

"ಐಕ್ಳು ದುಡ್ಡು ವಾಪಸ್ ಕೊಡು ಅಂತ ಕೂಗಾಡ್ತವೆ ಅಣ್ಣ. ಹಳೇ ಸಿ.ಡಿ. ಓಡ್ತವೆ, ಇದೊಂದೇ ಓಡಕಿಲ್ಲ. ನಿಮ್ ಕೈ ಮೊದ್ಲಿನಂಗಿಲ್ಲ ಅಂತವ್ರೆ ಜನ."

ಪರದೆ ಹಿಂದೆ ಅಕ್ಕಿ ಆರಿಸುತ್ತಿದ್ದ ದೊಡ್ಡಬಸಮ್ಮ ಮೊರ ಕೆಳಗಿಟ್ಟು ಕಿವಿಗೊಟ್ಟಳು. ಕೈ! ಬೇರೆ ಏನಾದರೂ ಅನ್ನಬಾರದಿತ್ತೇ ಪಾಪಿ?

"ಕೈಗೇನಾಗದೆ? ಚಿಪ್ಪು ಕೊಟ್ಟವನು ಮೋಸ ಮಾಡವ್ನೆ," ಎಂದ ಶಾಂತರಾಜು, ಬಲಗೈಯನ್ನು ಜೇಬಿನೊಳಗೆ ತೂರಿಸಿಕೊಂಡು. "ನಾಳೆ ನಾನೇ ಬೆಂಗ್ಳೂರಿಗೆ ಓಗಿ ಕೇಳ್ಕಂಡು ಬತ್ತೀನಿ. ಶುಕ್ರವಾರ ಬಾ."

ಅವನು ಬೆಂಗಳೂರಿಗೆ ಹೋದ ಮಾರನೆಯ ದಿನ ಕಸ ಗುಡಿಸಲು ಪ್ರೇಮಾ ಒಂದು ಡಬ್ಬವನ್ನು ಹಾಗೇ ಬಿಚ್ಚಿದ ಸ್ಥಿತಿಯಲ್ಲಿ ಎತ್ತಿ ಸ್ಟೂಲಿನ ಮೇಲೆ ಇಟ್ಟಳು. ಮಗಳು ಕವಿತ, ಆರನೇ ಕ್ಲಾಸಿನವಳು, ಸುಮ್ಮನಿರಲಾರದೆ ಆ ಫುಟ್‌ಬಾಲ್ ಸಿ.ಡಿ. ಹಾಕಿ ಸುರು ಮಾಡಿದಳು. ಕಂಪನಿಯ ಹೆಸರು ಬಂತು. ಅಷ್ಟರಲ್ಲಿ ಸ್ಟೂಲು ಅಲ್ಲಾಡಿ ಚಿಪ್ಪಿನ ಒಂದು ತಂತಿ ಕಿತ್ತುಬಂತು. "ಕಿತ್ತಾಕ್ದಲ್ಲೇ!" ಎಂದು ಪ್ರೇಮಾ ಮಗಳ ಬೆನ್ನಿಗೆ ಗುದ್ದುವುದಕ್ಕೂ ಟೀವಿಯಲ್ಲಿ ಫುಟ್‌ಬಾಲ್ ಆಟ ಸುರುವಾಗುವುದಕ್ಕೂ ಸರಿಹೋಯಿತು. ಕೆಂಪು ಬರಹ ಬರಲಿಲ್ಲ. ಹನ್ನೊಂದು ಜನ ಹನ್ನೊಂದು ಜನರ ಮೇಲೆ ಓಡಾಡಿದರು.

ಪ್ರೇಮಾ ಒಲೆಯ ಮೇಲಿನ ಒಗ್ಗರಣೆ ಸೀದದ್ದೂ ಗೊತ್ತಾಗದಂತೆ ನೋಡುತ್ತ ನಿಂತಳು. ತಂತಿ ಅಂಟಿಸಿ ಮತ್ತೆ ಹಾಕಿದಳು: ಕೆಂಪು ಬರಹ. ಸುರುವಾದ ಮೇಲೆ ತಂತಿ ಬಿಡಿಸಿದಳು: ಆಟ. ಮೂರು ಸಲ ಹೀಗೆ ಮಾಡಿ ಅತ್ತೆಯ ಮುಂದೆ ಬಂದು ಕೂತಳು.

"ಅತ್ತೆ, ಚಿಪ್ಪು ಕೆಟ್ಟಿಲ್ಲ. ಕೆಲ್ಸಾನೂ ಕೆಟ್ಟಿಲ್ಲ. ಅದ್ರ ಬಾಯಿ ಜಾಸ್ತಿ ಆಗದೆ."

"ಏನಂದೆ?"

"ಸುರುವಿಗೆ ಡಬ್ಬ ಗುರ್ತು ಕೇಳ್ತದೆ, ಚಿಪ್ಪು 'ಅದೆ' ಅಂತದೆ, ಸರಿ. ಆಮೇಲೆ ಸುಮ್ನಿರ್ಬೇಕಲ್ವಾ? ಇದು ಯಾರೂ ಕೇಳ್ದಿದ್ರೂ 'ಅದೆ ಅದೆ' ಅಂತ ಒದರ್ತಾನೇ ಇರ್ತದೆ. ಒಸ ಸಿ.ಡಿ. ಜಾಣ. ಒಳಗಡೆ ಯಾರೋ ಕೇಳ್ದಿದ್ರೂ ಮಾತಾಡ್ತಾವ್ರಲ್ಲಾ ಅಂತ ಇಡ್ಕತದೆ. ಕುಂಬಳಕಾಯಿ ಕಳ್ಳ ಅಂದ್ರೆ ಎಗ್ಲು ಮುಟ್ಟಿ ನೋಡ್ಕಂಡ್ನಂತಲ್ಲ, ಅಂಗೆ. ಒಂದು ಸಣ್ಣ ಸ್ವಿಚ್ ಆಕ್ಬುಟ್ರೆ, ಸುರುವಾದ್ಮೇಲೆ ಅದ್ರ ಬಾಯಿ ಮುಚ್ಚುಸ್ಬೋದು."

ದೊಡ್ಡಬಸಮ್ಮನಿಗೆ ಅರ್ಧ ಅರ್ಥವಾಯಿತು. ಸೊಸೆಯ ಮುಖ ಬೆಳಗುತ್ತಿದ್ದದ್ದು ಮಾತ್ರ ಪೂರ್ತಿ ಕಂಡಿತು. ಅದು ಯಾಕೋ ಅವಳಿಗೆ ಹಿಡಿಸಲಿಲ್ಲ. "ಸರಿ, ಶಾಂತ ಬಂದ್ಮೇಲೆ ಅವ್ನಿಗೆ ಯೋಳು. ಇನ್ಯಾರ್ ಮುಂದೂ ಉಸ್ರು ಬುಡಬ್ಯಾಡ."

ಶುಕ್ರವಾರ ಬಾ ಅಂದಿದ್ದ ಮಣಿಕಂಠ ಗುರುವಾರವೇ ಬಂದ. ಅಂಗಡಿಯ ಮುಂದೆ ಟೀ ಕುಡಿಯುತ್ತ ನಾಲ್ಕು ಜನ ಬೇರೆ ಇದ್ದರು.

"ಅಣ್ಣ ಇಲ್ವಾ? ಆಗ್ಲಿ, ನನ್ ಡಬ್ಬ ಕೊಟ್ಬುಡಿ ದೊಡ್ಡವ್ವ. ಮೈಸೂರ್ಗೆ ಓಯ್ತೀನಿ. ಶಾಂತ್ರಾಜಣ್ಣನ ಕೈ ಓಯ್ತು ಅಂತ ಊರೆಲ್ಲ ಅಂತವ್ರೆ, ನಾನೇ ಎಡ್ಡ, ನಂಬ್ಕಂಡು ಕುಂತಿದ್ದೆ."

ದೊಡ್ಡಬಸಮ್ಮ ಬಾಯಿ ತೆರೆಯುವ ಮೊದಲೇ ಪರದೆ ಸರಿಯಿತು.

"ಅವ್ರ ಕೈಗೇನೂ ಆಗಿಲ್ಲ ಕಣಪ್ಪ! ಕೆಲ್ಸ ಸರಿಯಾಗೇ ಅದೆ," ಎಂದಳು ಪ್ರೇಮಾ. ಗಂಡನ ಮಾನ ಉಳಿಸಲೆಂದೇ ಬಂದಳು, ಅದರಲ್ಲಿ ಸುಳ್ಳಿಲ್ಲ. ಆದರೆ ಬಂದವಳು ಅಷ್ಟಕ್ಕೇ ನಿಲ್ಲಬೇಕಲ್ಲ? ಸ್ಟೂಲೆಳೆದು ಕೂತಳು. ಹಳೇ ಟಾರ್ಚಿನ ಒಂದು ಸ್ವಿಚ್ ಬಿಚ್ಚಿದಳು. ಐರನ್ ಕಾಯಿಸಿ, ಕೂದಲಿನಂಥ ತಂತಿಯನ್ನು ಎರಡು ಬೆರಳಲ್ಲಿ ಹಿಡಿದು, ಎಲ್ಲರ ಕಣ್ಣೆದುರಿಗೆ ಟಕ್ ಟಕ್ಕೆಂದು ಅಂಟಿಸಿ, ಫುಟ್‌ಬಾಲ್ ಆಡಿಸಿ ತೋರಿಸಿದಳು. ಹತ್ತು ನಿಮಿಷವೂ ಹಿಡಿಯಲಿಲ್ಲ.

ಮಣಿಕಂಠ ಟೀವಿ ನೋಡಲಿಲ್ಲ, ಅವಳ ಕೈ ನೋಡುತ್ತಿದ್ದ. ಆಮೇಲೆ ನಕ್ಕ. "ಅಂಗಾದ್ರೆ ಇಷ್ಟ್ ದಿವ್ಸ ಅಕ್ಕಾರೇ ಮಾಡ್ತಿದ್ದದ್ದು ಅನ್ನಿ!"

ಟೀ ಕುಡಿಯುತ್ತಿದ್ದವರಲ್ಲಿ ಮಾರಯ್ಯ ಎಂಬವನು ಲೋಟ ಕೆಳಗಿಟ್ಟು ಹತ್ತಿರ ಬಂದು ನೋಡಿದ. ದೊಡ್ಡಬಸಮ್ಮನಿಗೆ ಭೂಮಿ ಬಾಯಿಬಿಡಬಾರದೇ ಅನ್ನಿಸಿತು. ಎರಡು ವರ್ಷ ಕಾದದ್ದು ಹತ್ತು ನಿಮಿಷಕ್ಕೆ ಬೀದಿಗೆ ಬಿತ್ತು. ಮಾತು ಆಡಿದರೆ ಹೋಯಿತು, ಮುತ್ತು ಒಡೆದರೆ ಹೋಯಿತು.

ಶಾಂತರಾಜು ಶುಕ್ರವಾರ ಸಂಜೆ ಬಸ್ಸಿಳಿದ. ಬೆಂಗಳೂರಿನವರು ಏನೂ ಹೇಳಿರಲಿಲ್ಲ. ಬಸ್ ಸ್ಟ್ಯಾಂಡಿನಲ್ಲೇ ಮಾರಯ್ಯ ಹಿಡಿದುಕೊಂಡ: "ಏನಪ್ಪ, ಎಡ್ತಿ ಕೈಲಿ ಡ್ಯೂಟಿ ಮಾಡ್ಸಿ ನೀನು ಬೆಂಗ್ಳೂರ್ ನೋಡ್ಕಂಡ್ ಬಂದ್ಯಾ?"

ಮನೆಯಲ್ಲಿ ಅವರೇಕಾಳು ಸಾರು. ಶಾಂತರಾಜು ತಟ್ಟೆಯನ್ನು ಗೋಡೆಗೆ ಎಸೆದ. ಕವಿತ ಅಳುತ್ತ ಅಜ್ಜನ ಬೆನ್ನ ಹಿಂದೆ ಸೇರಿಕೊಂಡಳು.

"ನಿನ್ನ ಕೇಳಿದ್ರೇನೆ ಯಾರಾದ್ರೂ? ಯಾರ್ ಕೇಳಿದ್ರು ನಿನ್ನ?"

"ನಿಮ್ ಕೈ ಓಯ್ತು ಅಂದ. ತಡ್ಕಳಕ್ಕಾಗ್ನಿಲ್ಲ."

"ಓಗಿತ್ತು, ನಾಲ್ಕು ಗೋಡೆ ಒಳ್ಗೆ! ಈಗ ಊರ್ಗೆಲ್ಲ ಸಾರಿ ಬಂದ್ಯಲ್ಲ! ಇನ್ಮೇಲೆ ಐರನ್ ಮುಟ್ಟಿದ್ರೆ ನೋಡು."

"ಆಗ್ಲಿ, ಮುಟ್ಟಕಿಲ್ಲ. ಯಾರ್ ಮಾಡ್ತಾರೆ?"

ಹೊಡೆತ ಬಿತ್ತು. ಎಡಗೈಯಲ್ಲಿ ಹೊಡೆದ. ಮಾದಸ್ವಾಮಿ ಎದ್ದು ನಿಂತು, "ಇದ್ದುದ್ದ ಇದ್ದಂಗೆ ಕೇಳಿದ್ಕೆ ಒಡೀತೀಯೇನ್ಲಾ?" ಎಂದು ಕೂಗಿದ. ಮಗ ಚಪ್ಪಲಿ ಮೆಟ್ಟಿಕೊಂಡು ಹೊರಗೆ ಹೋದ. ಗೋಡೆಯಿಂದ ಸಾರು ಇಳಿಯುತ್ತಿತ್ತು. ಪ್ರೇಮಾ ಬಟ್ಟೆ ತಂದು ಒರೆಸತೊಡಗಿದಳು.

ದೊಡ್ಡಬಸಮ್ಮ ಎರಡು ದಿನ ಯೋಚಿಸಿದಳು. ಊರ ಬಾಯಿಗೆ ಮೂಗುದಾರ ಹಾಕುವುದು ಹೇಗೆ? ಬೈದರೆ ಇನ್ನೂ ಹೆಚ್ಚು ಆಡುತ್ತಾರೆ. ಆಡಿದ್ದು ಸುಳ್ಳು ಅಂತ ಅವರಿಗೇ ಅನ್ನಿಸಬೇಕು. ಮೂರನೇ ದಿನ ಕಾಫಿ ಲೋಟ ಹಿಡಿದು ಎಲ್ಲರ ಮುಂದೆ ಹೇಳಿದಳು:

"ಕೆಂಪನಂಜಪ್ಪನ ರೇಷ್ಮೆ ಫಿಲೇಚರ್‌ನಲ್ಲಿ ಗೂಡು ಬಿಚ್ಚೋಕೆ ಎಂಗಸ್ರು ಬೇಕಂತೆ. ಸೋಮ್ವಾರದಿಂದ ಇವ್ಳು ಓಗ್ಲಿ. ಬಸ್ ಸ್ಟ್ಯಾಂಡ್ ಮುಂದ್ಲಿಂದ್ಲೇ ಓಗ್ಲಿ, ನಾಕ್ ಜನ ನೋಡ್ಲಿ. ರೇಷ್ಮೆ ಬಿಚ್ಚೋಕ್ ಓಗೋಳು ಮಿಷನ್ ಎಂಗ್ ಮಾಡಾಳು, ಯಾವತ್ತೋ ಒಂದಿನ ಗಂಡ ಯೋಳ್ಕೊಟ್ಟಿದ್ದ ಮಾಡವ್ಳೆ ಅಂತ ಅವ್ರೇ ಅಂದ್ಕತಾರೆ."

"ಬಿಸ್ನೀರಲ್ಲಿ ಕೈ ಅದ್ದೋ ಕೆಲ್ಸ ಕಣಮ್ಮಿ ಅದು," ಎಂದ ಮಾದಸ್ವಾಮಿ. "ಅವ್ಳ ಕೈ ನೋಡು."

"ನಾನ್ ಇಪ್ಪತ್ತೊರ್ಸ ಬಿಚ್ನಿಲ್ವಾ? ನಿಮ್ ಜವಾನ್ಕೆ ಸಂಬ್ಳದಲ್ಲಿ ಇವ್ನು ಓದಿದ್ನಾ? ಸತ್ತೋದ್ನಾ ನಾನು?" ಎಂದು ದೊಡ್ಡಬಸಮ್ಮ ಒಲೆಯ ಮೇಲಿದ್ದ ಸಾರಿನ ಪಾತ್ರೆಯನ್ನು ಬಟ್ಟೆಯಿಲ್ಲದೆ ಬರಿಗೈಯಲ್ಲೇ ಎತ್ತಿ ಕೆಳಗಿಟ್ಟಳು. "ನೋಡಿ! ಏನಾಯ್ತು ನಂಗೆ? ಗಟ್ಟಿಯಾಯ್ತವೆ ಕೈ."

ಪ್ರೇಮಾ ಗಂಡನ ಕಡೆ ನೋಡಿದಳು. ಶಾಂತರಾಜು ಎಡಗೈಯಲ್ಲಿ ಕಾಫಿ ಕುಡಿಯುತ್ತಿದ್ದ.

"ಎಷ್ಟ್ ದಿವ್ಸ ಅತ್ತೆ?"

"ಊರ್ ಬಾಯಿ ಮುಚ್ಚೋಗಂಟ."

ಸೋಮವಾರದಿಂದ ಪ್ರೇಮಾ ಟಿಫನ್ ಡಬ್ಬಿ ಹಿಡಿದು ಹೊರಟಳು. ದೊಡ್ಡಬಸಮ್ಮ ಬಾಗಿಲಲ್ಲಿ ನಿಂತು, ಬೀದಿಗೆ ಕೇಳುವ ಹಾಗೆ, "ಬಿಚ್ಚಾಣಿಕೆಗೆ ಒತ್ತಾಯ್ತು, ಬಿರ್ನೆ ಓಗು!" ಎಂದು ಕೂಗುತ್ತಿದ್ದಳು. ಫಿಲೇಚರಿನಲ್ಲಿ ಕುದಿಯುವ ನೀರಿನಲ್ಲಿ ಗೂಡು ತೇಲುತ್ತಿರುತ್ತವೆ. ಕೈ ಅದ್ದಿ, ಬೆರಳ ತುದಿಯಲ್ಲೇ ಹುಡುಕಿ, ಕಣ್ಣಿಗೆ ಕಾಣದ ಎಳೆಯ ತುದಿಯನ್ನು ಹಿಡಿದೆತ್ತಬೇಕು. ಬೆಳಿಗ್ಗೆ ಎಂಟರಿಂದ ಸಂಜೆ ಐದರವರೆಗೆ ಅದೇ ಕೆಲಸ. ಮೊದಲ ವಾರ ಬೆರಳು ಬೊಬ್ಬೆ ಎದ್ದವು. ಎರಡನೇ ವಾರ ಬೊಬ್ಬೆ ಒಡೆದು ಕೀವಾಯಿತು. ಪ್ರೇಮಾ ಮುದ್ದೆ ಮುರಿಯಲಾರದೆ ಚಮಚದಲ್ಲಿ ಅನ್ನ ತಿಂದಳು. ಬೆಂದ ಹುಳದ ವಾಸನೆ ಸೀಗೆಕಾಯಿ ಹಾಕಿ ಉಜ್ಜಿದರೂ ಹೋಗಲಿಲ್ಲ.

"ಅಜ್ಜಿ, ಅವ್ವನ ಬೆರ್ಳು ಬೇಯ್ಸಿದ ಆಲೂಗಡ್ಡೆ ಅಂಗಾಗವೆ," ಎಂದಳು ಕವಿತ, ಕೊಬ್ಬರಿ ಎಣ್ಣೆ ಬಟ್ಟಲು ಹಿಡಿದು.

"ಅದು ಸುರುವಿಗೆ ಅಂಗೇಯ. ಒಂದು ತಿಂಗ್ಳು ಕಳೀಲಿ."

ಒಂದು ತಿಂಗಳು ಕಳೆಯಿತು. ನಿಜಕ್ಕೂ ಪ್ರೇಮಾ ನೋವು ಅನ್ನುವುದನ್ನು ಬಿಟ್ಟಳು. "ನೋಡಿದ್ರಾ, ನಾನ್ ಯೋಳ್ನಿಲ್ವಾ?" ಎಂದು ದೊಡ್ಡಬಸಮ್ಮ ಗಂಡನ ಮುಂದೆ ಹೇಳಿಕೊಂಡಳು. ಅವನು ಪೇಪರಿನಿಂದ ತಲೆಯೆತ್ತಲಿಲ್ಲ.

ಇತ್ತ ಅಂಗಡಿಯ ಕಥೆಯೇ ಬೇರೆ. ಸ್ವಿಚ್ಚಿನ ಸುದ್ದಿ ಹರಡಿ ಹನೂರು, ಯಳಂದೂರಿನಿಂದ ಜನ ಡಬ್ಬ ತಂದರು. ಶಾಂತರಾಜು ಹಟಕ್ಕೆ ಬಿದ್ದು ತಾನೇ ಕೂತ. ಎಡಗೈಯಲ್ಲಿ ಬಲಗೈ ಮಣಿಕಟ್ಟು ಹಿಡಿದುಕೊಂಡು, ಹಲ್ಲು ಕಚ್ಚಿ ಐರನ್ ಇಳಿಸುತ್ತಿದ್ದ. ಕರಗಿದ ಸೀಸ ಚಿಪ್ಪಿನ ಒಂದು ಕಾಲಿನಿಂದ ಇನ್ನೊಂದಕ್ಕೆ ಹರಿದು ಎರಡು ಡಬ್ಬ ಸುಟ್ಟವು. ಮೂರನೆಯದು ಹೊಗೆಯಾಡಿತು. ಯಳಂದೂರಿನವನೊಬ್ಬ ಬೀದಿಯಲ್ಲಿ ನಿಂತು, "ಎಂಡ್ರು ಕೈಲಿ ಮಾಡ್ಸು, ಇಲ್ದಿದ್ರೆ ಒಸದು ಕೊಡು," ಎಂದು ಕೂಗಾಡಿ ಹೋದ. ಊರ ಬಾಯಿ ಮುಚ್ಚುವುದಿರಲಿ, ಈಗ ಅಂಗಡಿಯ ಮುಂದೆಯೇ ತೆರೆದುಕೊಂಡಿತ್ತು.

ಆಷಾಢದ ಮೊದಲ ವಾರ ಮಣಿಕಂಠ ಮತ್ತೆ ಬಂದ. ಈ ಸಲ ಹತ್ತು ಡಬ್ಬ. ಸತ್ತೇಗಾಲದಲ್ಲೂ ಒಂದು ಅಂಗಡಿ ಮಾಡುತ್ತಿದ್ದ. "ಅಕ್ಕಾರು ಮಾಡಿದ್ರೆ ಇಲ್ಲೇ ಮಡಗ್ತೀನಿ. ಇಲ್ಲಾಂದ್ರೆ ಬೇಜಾರ್ ಮಾಡ್ಕಬ್ಯಾಡಿ ಅಣ್ಣ, ಮೈಸೂರು."

ಶಾಂತರಾಜು ಪರದೆ ದಾಟಿ ಅಡುಗೆಮನೆಗೆ ಬಂದು ತಾಯಿಯ ಮುಂದೆ ನಿಂತ. "ಅವ್ವ, ನನ್ ಕೈಲಿ ಆಗಕಿಲ್ಲ," ಎಂದ. ಎರಡು ವರ್ಷದಲ್ಲಿ ಮೊದಲ ಸಲ ಅವನು ಆ ಮಾತನ್ನು ಬಾಯಿಬಿಟ್ಟು ಹೇಳಿದ್ದು. ದೊಡ್ಡಬಸಮ್ಮನ ಕಣ್ಣಲ್ಲಿ ನೀರು ಬಂತು. ಹೆತ್ತ ಹೊಟ್ಟೆ. ಮಾನ ಇನ್ನೆಲ್ಲಿ ಉಳಿದಿದೆ ಕಾಯೋದಕ್ಕೆ? ಅಂಗಡಿಯಾದರೂ ಉಳಿಯಲಿ.

ಟಿಫನ್ ಡಬ್ಬಿ ಹಿಡಿದು ಹೊರಡುತ್ತಿದ್ದ ಸೊಸೆಯ ಕೈಯಿಂದ ಡಬ್ಬಿ ಕಿತ್ತುಕೊಂಡಳು. "ಇವತ್ತಿಂದ ಓಗಬ್ಯಾಡ ಕಣವ್ವ. ನಿನ್ ಜಾಗಕ್ಕೆ ನೀನ್ ಓಗಿ ಕುಂತ್ಕ." ತಾನೇ ಹೋಗಿ ಆ ಹೂವಿನ ಪರದೆಯನ್ನು ಪಕ್ಕಕ್ಕೆ ಎಳೆದು ಮೊಳೆಗೆ ಸಿಕ್ಕಿಸಿದಳು. ಸ್ಟೂಲು ಸೆರಗಿನಲ್ಲಿ ಒರೆಸಿದಳು.

ಪ್ರೇಮಾ ಬಾಗಿಲ ಬಳಿಯೇ ನಿಂತಿದ್ದಳು.

"ಇನ್ನೂ ಕ್ವಾಪವಾ?" ಎಂದ ಶಾಂತರಾಜು ಮೆತ್ತಗೆ. "ಬಾ. ಎಲ್ರ ಮುಂದೇನೇ ಮಾಡು. ನಾನ್ ಪಕ್ಕದಲ್ಲಿ ಕುಂತಿರ್ತೀನಿ."

"ಕ್ವಾಪ ಇಲ್ಲ," ಎಂದಳು ಪ್ರೇಮಾ. ಬಂದು ಕೂತಳು. ಆಸೆಯಿಂದಲೇ ಕೂತಳು, ಅದು ಮುಖದಲ್ಲಿ ಕಾಣುತ್ತಿತ್ತು. ಶಾಂತರಾಜು ಡಬ್ಬ ಬಿಚ್ಚಿ ಅವಳ ಮುಂದಿಟ್ಟ. ಐರನ್ ಕಾದಿತು. ಮಣಿಕಂಠ ಕೈಕಟ್ಟಿ ನಿಂತ.

ಅವಳು ತಂತಿ ತೆಗೆದುಕೊಳ್ಳಲು ಹೋದಳು. ಎರಡು ಬೆರಳು ಕೂಡಿದವು, ತಂತಿ ಮೇಜಿನ ಮೇಲೆಯೇ ಇತ್ತು. ಇನ್ನೊಂದು ಸಲ ಹಿಡಿದಳು. ಸಿಕ್ಕಿತು ಎಂದು ಕೈ ಎತ್ತಿ ನೋಡಿದರೆ ಬೆರಳ ಸಂದಿಯಲ್ಲಿ ಏನೂ ಇಲ್ಲ. ಮೂರನೇ ಸಲಕ್ಕೆ ಕವಿತ ಎತ್ತಿ ಕೊಟ್ಟಳು. ಪ್ರೇಮಾ ಅದನ್ನು ಕಣ್ಣಿನ ಹತ್ತಿರ ತಂದು, ಹಿಡಿದಿರುವುದು ಹೌದೋ ಅಲ್ಲವೋ ಎಂದು ನೋಡಿ, ಚಿಪ್ಪಿನ ಕಾಲಿಗೆ ಒತ್ತಿ ಐರನ್ ಇಳಿಸಿದಳು.

ಹೊಗೆ ಎದ್ದಿತು. ಸೀಸದ ಹೊಗೆಯ ವಾಸನೆ ದೊಡ್ಡಬಸಮ್ಮನಿಗೆ ಚೆನ್ನಾಗಿ ಗೊತ್ತು, ಇದು ಅದಲ್ಲ. ಚರ್ಮ ಸುಡುವ ವಾಸನೆ. ಪ್ರೇಮಾ ತದೇಕಚಿತ್ತದಿಂದ, ತುಟಿ ಕಚ್ಚಿಕೊಂಡು, ಹಿಂದಿನಂತೆಯೇ ಕೆಲಸ ಮಾಡುತ್ತಲೇ ಇದ್ದಳು.

"ಪ್ರೇಮಾ! ತಗಿ, ತಗಿ! ಬೆರ್ಳು!" ಎಂದು ದೊಡ್ಡಬಸಮ್ಮ ಕಿರುಚಿದಳು.

ಸೊಸೆ ತಲೆಯೆತ್ತಿ ಅತ್ತೆಯ ಮುಖ ನೋಡಿದಳು. ಐರನ್ ಇನ್ನೂ ಅಲ್ಲೇ ಇತ್ತು.

"ಯಾವ್ ಬೆರ್ಳು ಅತ್ತೆ?" ಎಂದು ಕೇಳಿದಳು.

ಶಾಂತರಾಜು ಐರನ್ನಿನ ಪ್ಲಗ್ಗು ಕಿತ್ತ. ಮಣಿಕಂಠ ತನ್ನ ಡಬ್ಬಗಳನ್ನು ಒಂದೊಂದಾಗಿ ಗೋಣಿಚೀಲಕ್ಕೆ ತುಂಬತೊಡಗಿದ.